ಐದು ಲಕ್ಷದ ಫಾರ್ವರ್ಡ್

ಭಾನುವಾರ ಬೆಳಗ್ಗೆ ನಮ್ಮ ಮನೆಯ ವಾಟ್ಸಾಪ್ ಗುಂಪಿಗೆ ರಘು ಚಿಕ್ಕಪ್ಪ ಒಂದು ಫಾರ್ವರ್ಡ್ ಹಾಕಿದರು. "ಗಂಡ ಕೈ ಎತ್ತಿದರೆ ಹೆಂಡತಿಗೆ ಸರ್ಕಾರದಿಂದ ನೇರ 5 ಲಕ್ಷ! ಕೆಳಗಿನ ಲಿಂಕ್ ಒತ್ತಿ, ಆಧಾರ್ ಮತ್ತು ಬ್ಯಾಂಕ್ ಖಾತೆ ನಂಬರ್ ತುಂಬಿ. ಎಲ್ಲ ಹೆಣ್ಣುಮಕ್ಕಳಿಗೂ ತಲುಪಿಸಿ." ಅದರ ಕೆಳಗೆ ಚಿಕ್ಕಪ್ಪನ ಮಾತು: "ಇನ್ನು ಸಂಸಾರಗಳು ಉಳಿದ ಹಾಗೇ."

ಕಿರಣ ತಕ್ಷಣ ಬಂದ. "ಮೂಲ ಎಲ್ಲಿ ಚಿಕ್ಕಪ್ಪ? ಸರ್ಕಾರಿ ಆದೇಶದ ನಂಬರ್ ಹಾಕಿ."

"ಕೊರೋನಾ ಹೊತ್ತಲ್ಲಿ ದಿನಕ್ಕೊಂದು ಕಷಾಯ ಕಳಿಸುತ್ತಿದ್ದೆಯಲ್ಲ, ಆಗ ಯಾವ ಆದೇಶದ ನಂಬರ್ ಹಾಕಿದ್ದೆ?"

ಅಷ್ಟರಲ್ಲಿ ದೊಡ್ಡಪ್ಪ ಬರೆದರು. "ಗಂಡ ಹೆಂಡಿರ ಜಗಳ ಉಂಡು ಮಲಗುವ ತನಕ. ನಮ್ಮ ಕಾಲದಲ್ಲಿ ಮನೆಯ ಮಾತು ಹೊಸಿಲು ದಾಟುತ್ತಿರಲಿಲ್ಲ. ಹೆಣ್ಣು ತಾಳಿಕೊಂಡರೆ ಮನೆ ನಿಲ್ಲುತ್ತದೆ."

ಮಸ್ಕತ್‌ನಿಂದ ಶ್ರೀಧರ: "ಉಂಡು ಮಲಗೋದು ಅಂದಾಗ ನೆನಪಾಯ್ತು. ಅಜ್ಜಿ ಜಗಲಿಯಲ್ಲಿ ಸಾಲಾಗಿ ಚಾಪೆ ಹಾಸುತ್ತಿದ್ದಳಲ್ಲ! ಹಲಸಿನ ಹಪ್ಪಳಕ್ಕೆ ಕಾಗೆ ಬರದ ಹಾಗೆ ಕಾಯೋದು ನನ್ನ ಕೆಲಸ." ಆಮೇಲೆ ಹಪ್ಪಳದ ಬಗ್ಗೆಯೇ ಹದಿನೈದು ಮೆಸೇಜು. ಅವನು ಒಂದು ಹಳೆಯ ಫೋಟೋ ಕೂಡ ಹಾಕಿದ. 1999ರ ಬೇಸಗೆ. ಅಂಗಳದ ತುಂಬ ಹಪ್ಪಳ, ಮಕ್ಕಳೆಲ್ಲ ಬರಿಮೈಯಲ್ಲಿ. ಮೂಲೆಯಲ್ಲಿ ಶಾರದತ್ತೆ.

ವೀಣಾ ಅತ್ತಿಗೆ ಈ ಮನೆಗೆ ಬಂದು ಮೂರು ವರ್ಷ ಅಷ್ಟೇ. ಅವರು ಕೇಳಿದರು: "ಅಷ್ಟು ಸೆಕೆಯಲ್ಲಿ ಶಾರದತ್ತೆ ಯಾಕೆ ಮಣಿಕಟ್ಟಿನ ತನಕ ತೋಳಿರುವ ರವಿಕೆ ಹಾಕಿದ್ದಾರೆ?"

ಯಾಕೆ ಅಂತ ನಮ್ಮ ಮನೆಯಲ್ಲಿ ಎಲ್ಲರಿಗೂ ಗೊತ್ತಿತ್ತು.

ಅದರ ಹಿಂದಿನ ವರ್ಷ ಅತ್ತೆ ಮೊದಲ ಆಷಾಢಕ್ಕೆ ತವರಿಗೆ ಬಂದಿದ್ದರು. ಆಷಾಢ ಮುಗಿದರೂ ವಾಪಸ್ ಹೋಗಲ್ಲ ಅಂದರು. ಮೂರು ದಿನ ಬಾಗಿಲು ಹಾಕಿಕೊಂಡು ಮಾತುಕತೆ ನಡೆಯಿತು. ಕೊನೆಗೆ ಮಡಿಲು ತುಂಬಿ ಕಳಿಸಿದರು. ನನಗೆ ಆಗ ಎಂಟು ವರ್ಷ. ಅಜ್ಜಿ ಅಕ್ಕಿ ಹಾಕುವಾಗ ಸೆರಗು ಹಿಡಿದ ಅತ್ತೆಯ ಕೈ ನಡುಗಿ ಅಕ್ಕಿ ನೆಲಕ್ಕೆ ಚೆಲ್ಲಿತು. ನಾನು ಕೂತು ಒಂದೊಂದೇ ಕಾಳು ಹೆಕ್ಕಿ ಮತ್ತೆ ಅವರ ಮಡಿಲಿಗೇ ಹಾಕಿದೆ.

ವೀಣಾ ಅತ್ತಿಗೆಗೆ ಯಾರೂ ಉತ್ತರ ಕೊಡಲಿಲ್ಲ. ಆದರೆ ಜಗಳ ಮಾತ್ರ ಅಲ್ಲಿಗೇ ಬಂತು.

"ಬಸ್ಸಿಗೆ ಹತ್ತಿಸಿ ಬಂದವನು ಅಣ್ಣ," ಅಂದರು ಚಿಕ್ಕಪ್ಪ.

"ಅಪ್ಪನ ಮಾತು ಮೀರುವ ಹಾಗಿತ್ತಾ? ಆ ಆರೂವರೆ ಬಸ್ಸಿಗೆ ನೀನೂ ಚೀಲ ಹೊತ್ತುಕೊಂಡು ಬಂದಿದ್ದೆ. ಆಗ ಕಾನೂನು ಎಲ್ಲಿತ್ತು?"

"ಹೆಂಡತಿಗೆ ಹಿಂಸೆ ಕೊಟ್ಟವರಿಗೆ ಶಿಕ್ಷೆ ಕೊಡುವ 498ಎ ಕಲಮು 1983ರಿಂದಲೇ ಇತ್ತು ದೊಡ್ಡಪ್ಪ." ಇದು ಕಿರಣ.

"ಕಾನೂನು ಹೇಳಬೇಡ. ತೋಟ ಭಾಗ ಆದಾಗ ನಿಮ್ಮಪ್ಪ ಯಾವ ಕಾನೂನು ನೋಡಿದ್ದ ಅಂತ ಮೊದಲು ಕೇಳಿ ಬಾ."

ನಾನು ವಕೀಲೆ. ಇಂಥ ಕೇಸುಗಳನ್ನು ನಡೆಸುತ್ತೇನೆ. ಮನೆಯ ಗುಂಪಿನಲ್ಲಿ ಸಾಮಾನ್ಯವಾಗಿ ಸುಮ್ಮನಿರುತ್ತೇನೆ. ಅವತ್ತು ಆಗಲಿಲ್ಲ. ಹೀಗೆ ಬರೆದೆ:

"ಗಂಡ ಹೊಡೆದರೆ ಸರ್ಕಾರ 5 ಲಕ್ಷ ಕೊಡುತ್ತದೆ ಅನ್ನುವುದು ಸುಳ್ಳು. ಆ ಲಿಂಕಿನಲ್ಲಿ ಯಾರೂ ಆಧಾರ್ ತುಂಬಬೇಡಿ, ಅದು ಖಾತೆ ಖಾಲಿ ಮಾಡುವ ದಾರಿ. ಆದರೆ ನಿಜ ಇರುವುದನ್ನೂ ಓದಿ. ಕೌಟುಂಬಿಕ ಹಿಂಸೆಯಿಂದ ಮಹಿಳೆಯರನ್ನು ರಕ್ಷಿಸುವ ಕಾಯ್ದೆ 2005ರದ್ದು, 2006ರ ಅಕ್ಟೋಬರ್ 26ರಿಂದ ಜಾರಿಯಲ್ಲಿದೆ. ಅದರಲ್ಲಿ ದುಡ್ಡು ಕೊಡಬೇಕಾದವನು ಹಿಂಸೆ ಕೊಟ್ಟವನು. ಆಸ್ಪತ್ರೆ ಖರ್ಚು, ಕೆಲಸಕ್ಕೆ ಹೋಗಲಾಗದೆ ಕಳೆದುಕೊಂಡ ಕೂಲಿ, ಹಾಳು ಮಾಡಿದ ಸಾಮಾನು, ತಿಂಗಳ ಜೀವನಾಂಶ, ಇವೆಲ್ಲ 20ನೇ ಕಲಮಿನಲ್ಲಿ ಬರುತ್ತವೆ. ಮನಸ್ಸಿಗೆ ಆದ ಹಿಂಸೆಗೆ 22ನೇ ಕಲಮಿನಲ್ಲಿ ಬೇರೆ ಪರಿಹಾರ. ಅವನು ಕೊಡದಿದ್ದರೆ, ಸಂಬಳದಿಂದ ನೇರ ಅವಳಿಗೆ ಕೊಡುವಂತೆ ಅವನ ಮಾಲೀಕರಿಗೇ ಮ್ಯಾಜಿಸ್ಟ್ರೇಟ್ ಹೇಳಬಹುದು. ಹೆಂಡತಿಗಷ್ಟೇ ಅಲ್ಲ, ತಾಯಿಗೂ ಅಕ್ಕತಂಗಿಗೂ ಈ ಕಾಯ್ದೆ ಇದೆ. ಮನೆ ಅವಳ ಹೆಸರಲ್ಲಿಲ್ಲ ಅಂತ ಸುಮ್ನೆ ಹೊರಗೆ ಹಾಕುವಂತಿಲ್ಲ.

"ಸರ್ಕಾರದ ಪರಿಹಾರ ನಿಧಿ ಬೇರೆ. ಅದು ಅಪರಾಧಕ್ಕೆ ಗುರಿಯಾದವರಿಗೆ, ಜಿಲ್ಲಾ ಕಾನೂನು ಸೇವಾ ಪ್ರಾಧಿಕಾರದ ಮೂಲಕ ಸಿಗುವಂಥದ್ದು. ಆ್ಯಸಿಡ್ ದಾಳಿಯಾದವರಿಗೆ ಕನಿಷ್ಠ 3 ಲಕ್ಷ ಕೊಡಬೇಕು ಅಂತ ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿತು. ಅದೇ ಪ್ರಾಧಿಕಾರ ಹೆಣ್ಣುಮಕ್ಕಳಿಗೆ ಪುಕ್ಕಟೆ ವಕೀಲರನ್ನೂ ಕೊಡುತ್ತದೆ. ಆದಾಯ ಎಷ್ಟಿದ್ದರೂ ಸರಿ. ಫೋನ್ 15100. ತುರ್ತು ಇದ್ದರೆ ಮಹಿಳಾ ಸಹಾಯವಾಣಿ 181. ತಾಲೂಕಿನಲ್ಲಿ ಸಿಡಿಪಿಒ, ಅಂದರೆ ಶಿಶು ಅಭಿವೃದ್ಧಿ ಯೋಜನಾಧಿಕಾರಿ, ಅವರೇ ಈ ಕಾಯ್ದೆಯಡಿ ದೂರು ತೆಗೆದುಕೊಳ್ಳುವ ರಕ್ಷಣಾಧಿಕಾರಿ. ಆಫೀಸು ಗೊತ್ತಿಲ್ಲದಿದ್ದರೆ ಅಂಗನವಾಡಿ ಟೀಚರ್ ಹೇಳುತ್ತಾರೆ.

"60 ದಿನದಲ್ಲಿ ಮುಗಿಸಲು ಯತ್ನಿಸಬೇಕು ಅಂತ ಕಾಯ್ದೆಯಲ್ಲಿದೆ. ನಾನು ನಡೆಸಿದ ಕೇಸುಗಳು ಅಷ್ಟು ಬೇಗ ಮುಗಿದಿಲ್ಲ, ಸುಳ್ಳು ಹೇಳಲ್ಲ. ಆದರೆ ಕೇಸು ಮುಗಿಯುವ ಮೊದಲೇ ಮಧ್ಯಂತರ ಆದೇಶ ಕೇಳಬಹುದು. ಮಗುವಿನ ಸ್ಕೂಲ್ ಫೀಸಿನಷ್ಟು ಬಂದರೂ ಒಬ್ಬಳಿಗೆ ಆ ತಿಂಗಳು ದಾಟುತ್ತದೆ.

"ದೊಡ್ಡಪ್ಪ, 1998ರಲ್ಲಿ ಈ ಕಾಯ್ದೆ ಇರಲಿಲ್ಲ, ನಿಜ. ಪುಕ್ಕಟೆ ವಕೀಲರ ಕಾಯ್ದೆ 1995ರಲ್ಲೇ ಜಾರಿಗೆ ಬಂದಿತ್ತು. ನಮ್ಮ ಮನೆಯಿಂದ ಯಾರೂ ಹೋಗಿ ಕೇಳಲಿಲ್ಲ."

ದೊಡ್ಡಪ್ಪ: "ಓದಿಸಿದ್ದಕ್ಕೆ ಇದಾ ಮರ್ಯಾದೆ?"

ಚಿಕ್ಕಪ್ಪ: "ಸುಳ್ಳು ಕೇಸುಗಳ ಬಗ್ಗೆ ಒಂದು ಸಾಲೂ ಇಲ್ವಲ್ಲ."

ಕಿರಣ: "ಫೇಕ್ ಅಂತ ನಾನು ಮೊದಲೇ ಹೇಳಿದ್ದೆ."

ಶ್ರೀಧರ ಕೈಮುಗಿಯುವ ಚಿತ್ರ ಹಾಕಿದ. 15100 ಅಂತ ಬರೆದದ್ದನ್ನು ಯಾರಾದರೂ ಓದಿದರೋ ಇಲ್ಲವೋ, ನನಗೆ ಹೊಟ್ಟೆ ಉರಿಯುತ್ತಿತ್ತು.

ಆಗ ಶಾರದತ್ತೆ ಬರೆಯುತ್ತಿದ್ದಾರೆ ಅಂತ ಮೇಲೆ ತೋರಿಸಿತು. ಹಬ್ಬದ ಶುಭಾಶಯ ಬಿಟ್ಟರೆ ಅವರು ಗುಂಪಿನಲ್ಲಿ ಏನೂ ಹಾಕಿದವರಲ್ಲ. ತುಂಬ ಹೊತ್ತು ಬರೆಯುತ್ತಲೇ ಇದ್ದರು. ಬಂದದ್ದು ಇಷ್ಟು:

"ಆರೂವರೆ ಅಲ್ಲ. ಐದೂ ಕಾಲಿನ ಬಸ್ಸು. ಆರೂವರೆದು ಮಳೆಗಾಲದಲ್ಲಿ ಬರುತ್ತಿರಲಿಲ್ಲ."

ಅದಾದ ಮೇಲೆ ಅವತ್ತು ಗುಂಪಿನಲ್ಲಿ ಯಾರೂ ಏನೂ ಹಾಕಲಿಲ್ಲ.

ರಾತ್ರಿ ಅತ್ತೆ ನನಗೊಬ್ಬಳಿಗೇ ಮೆಸೇಜ್ ಮಾಡಿದರು. "ಸಿಡಿಪಿಒ ಆಫೀಸಿಗೆ ಹೋಗುವಾಗ ಮದುವೆ ಕಾಗದ ಬೇಕಾ? ನಮ್ಮ ಪಕ್ಕದ ಮನೆ ಸೊಸೆಯ ಹತ್ತಿರ ಏನೂ ಇಲ್ಲ. ಈಗ ನಮ್ಮಲ್ಲೇ ಕೂತಿದ್ದಾಳೆ."

"ಏನೂ ಬೇಡ ಅತ್ತೆ, ಹಾಗೇ ಬರಲಿ," ಅಂತ ಬರೆದೆ. "ಆಸ್ಪತ್ರೆ ಚೀಟಿ ಇದ್ದರೆ ಮಾತ್ರ ತರಲಿ. ನಾಳೆ ಹತ್ತು ಗಂಟೆಗೆ ನಾನೂ ಅಲ್ಲಿ ಇರುತ್ತೇನೆ."