ನನ್ನ ಕಂಬಳದ ಆಟವನ್ನು ಯಾರೋ ನಕಲು ಮಾಡಿದ್ದಾರೆ, ಎಂತ ಮಾಡುವುದು?

ಜೋಡುಕರೆ_ಸುರತ್ಕಲ್:
ರೋಬ್ಲಾಕ್ಸ್ ಎಂಬ ಆನ್‌ಲೈನ್ ಆಟದ ವೇದಿಕೆಗೆ ಆಟ ಕಟ್ಟುವ ರೋಬ್ಲಾಕ್ಸ್ ಸ್ಟುಡಿಯೋದಲ್ಲಿ ಕಂಬಳದ ಆಟ ಮಾಡಿದ್ದೇನೆ. ಎರಡು ಕರೆ (ಕೋಣ ಓಡುವ ಕೆಸರಿನ ಹಾದಿ), ಮಂಜೊಟ್ಟಿ (ಓಟ ಮುಗಿಯುವ ಜಾಗ), ಹಗ್ಗ, ನೇಗಿಲು ವಿಭಾಗ ಎಲ್ಲ ಉಂಟು. ಕೆನೆಹಲಗೆ ವಿಭಾಗದ ಓಟದಲ್ಲಿ ಚಿಮ್ಮಿದ ನೀರು ಮೇಲೆ ಕಟ್ಟಿದ ನಿಶಾನೆ ಬಟ್ಟೆಯನ್ನು ಮುಟ್ಟಿತಾ ಎಂದು ನೋಡುವ ಸ್ಕ್ರಿಪ್ಟಿಗೇ ಹೆಚ್ಚು ಕಷ್ಟಪಟ್ಟದ್ದು. ಈಗ ಯಾರೋ ಗುರ್ತವಿಲ್ಲದವರು ನನ್ನ ಕರೆ, ಕೋಣಗಳನ್ನೇ ಎತ್ತಿ ಬೇರೆ ಹೆಸರಲ್ಲಿ ಹಾಕಿದ್ದಾರೆ. ಕೋಣದ ಹಣೆಪಟ್ಟಿಯ ಬಣ್ಣವೂ ಅದೇ! ಹೊಟ್ಟೆ ಉರಿಯುತ್ತದೆ ಮಾರಾಯ್ರೆ. ಇದಕ್ಕೆ ದಾರಿ ಇಲ್ಲವಾ?

ಪಣಂಬೂರು_ಕೋಡ್:
ಆಡುವವರ ಫೋನಿಗೆ ಇಳಿಯುವುದನ್ನು ಪೂರ್ತಿ ಕಾಯಲಿಕ್ಕೆ ಆಗುವುದಿಲ್ಲ. ಕಣ್ಣಿಗೆ ಕಾಣುವ ಮಾಡೆಲ್, ಲೋಕಲ್‌ಸ್ಕ್ರಿಪ್ಟ್ (ಫೋನಿನಲ್ಲೇ ಓಡುವ ಕೋಡ್) ಎರಡೂ ಇಳಿಯುತ್ತವೆ. ನಿಶಾನೆಯ ಲೆಕ್ಕವನ್ನು ಸರ್ವರ್‌ಸ್ಕ್ರಿಪ್ಟ್‌ಸರ್ವಿಸ್‌ನಲ್ಲಿ (ಸರ್ವರ್ ಕೋಡ್ ಇಡುವ ಜಾಗ) ಇಟ್ಟಿದ್ದೀರಾ? ಅಲ್ಲಿರುವುದು ಆಟಗಾರರ ಕಡೆಗೆ ಹೋಗುವುದೇ ಇಲ್ಲ. ಎಡಿಟ್ ಮಾಡುವ ಅನುಮತಿ ಯಾರ್‍ಯಾರಿಗೆ ಕೊಟ್ಟಿದ್ದೀರಿ ಎಂದೂ ನೋಡಿ.

ಮಣಿಪಾಲ_ವಕೀಲ:
1957ರ ಕೃತಿಸ್ವಾಮ್ಯ ಕಾಯ್ದೆಯಲ್ಲಿ ಹಕ್ಕು ರಚಿಸಿದಾಗಲೇ ಹುಟ್ಟುತ್ತದೆ, ನೋಂದಣಿ ಕಡ್ಡಾಯವಲ್ಲ. ಪ್ರೋಗ್ರಾಂ ಕೂಡ ಅದರಲ್ಲಿ ಸಾಹಿತ್ಯ ಕೃತಿಯೇ. ಆದರೆ ಕಂಬಳದ ಆಟ ಎಂಬ ಯೋಚನೆಗೆ ರಕ್ಷಣೆ ಇಲ್ಲ. ಇನ್ನೊಬ್ಬರು ತಾವೇ ಕೂತು ಕೋಣ ಮಾಡಿದರೆ ತಕರಾರು ನಿಲ್ಲುವುದಿಲ್ಲ. ನಿಮ್ಮದು ಹಾಗಲ್ಲ. ರೋಬ್ಲಾಕ್ಸ್ ಕಂಪನಿ ಅಮೆರಿಕದ್ದು, ಅಲ್ಲಿಯ 1998ರ ಡಿಎಂಸಿಎ ಎಂಬ ಕೃತಿಸ್ವಾಮ್ಯ ಕಾನೂನಿನಂತೆ ನಕಲನ್ನು ತೆಗೆಸುವ ನೋಟಿಸ್ ಆ ಕಂಪನಿಗೆ ಕಳಿಸಿ. ಸಹಿ, ಸಂಪರ್ಕ ವಿವರ, ನಕಲಿನ ಲಿಂಕ್ ಬೇಕು. ಅದಕ್ಕೆ ಮೊದಲು ನಕಲಿನ ಸ್ಕ್ರೀನ್‌ಶಾಟ್ ತೆಗೆದಿಡಿ, ನಕಲು ಮಾಡಿದವರು ಅಳಿಸಿಬಿಟ್ಟಾರು.

ಜೋಡುಕರೆ_ಸುರತ್ಕಲ್:
ಲೆಕ್ಕದ ಸ್ಕ್ರಿಪ್ಟ್ ಸರ್ವರ್‌ನಲ್ಲೇ ಉಂಟು, ದೊಡ್ಡ ಸಮಾಧಾನ. ಕೋಣ ಮಾಡಿದ ಬ್ಲೆಂಡರ್ (3ಡಿ ಮಾಡೆಲ್ ಮಾಡುವ ತಂತ್ರಾಂಶ) ಫೈಲುಗಳೂ ತಾರೀಕು ಸಮೇತ ಉಂಟು, ಸಾಕಾ?

ಮಣಿಪಾಲ_ವಕೀಲ:
ಒಳ್ಳೆಯ ಸಾಕ್ಷಿ. ಇವತ್ತೇ ನೋಟಿಸ್ ಕಳಿಸಿ.