ದಾವಣಗೆರೆಯಿಂದ ಒಂದೇ ದಿನದ ಹಂಪಿ ಗ್ರೂಪ್ ಟೂರ್: ಹೋಗಿ ಬಂದವರು ಅನುಭವ ಹೇಳಿ

ವಿದ್ಯಾನಗರದವಳು
ಎಲ್ಲರಿಗೂ ನಮಸ್ಕಾರ. ಬರುವ ತಿಂಗಳು ಎರಡನೇ ಭಾನುವಾರ ಇಲ್ಲಿಂದ ಹಂಪಿಗೆ ಒಂದು ದಿನದ ಗ್ರೂಪ್ ಟೂರ್ ಇದೆ. ಬೆಳಿಗ್ಗೆ 5ಕ್ಕೆ ಬಸ್, ರಾತ್ರಿ 11ಕ್ಕೆ ವಾಪಸ್. ಗೈಡ್ ಅವರದೇ. ತಲೆಗೆ 1,450 ರೂಪಾಯಿ. ನಾನು, ಅಮ್ಮ (68 ವರ್ಷ, ಮಂಡಿ ನೋವು), ಮಗ (9 ವರ್ಷ) ಮೂವರು. ಯಜಮಾನರಿಗೆ ರಜೆ ಇಲ್ಲ, ನನಗೆ ಕಾರು ಓಡಿಸಲು ಬರಲ್ಲ. ಅಮ್ಮನಿಗೆ ವಿರೂಪಾಕ್ಷನ ದರ್ಶನ ಆಗಬೇಕು. ಮಗನಿಗೆ 50 ರೂಪಾಯಿ ನೋಟಿನಲ್ಲಿರುವ ರಥ ನೋಡಬೇಕು. ಅಮ್ಮನಿಗೆ ನಡೆಯೋದು ಜಾಸ್ತಿ ಆಗುತ್ತಾ? ಹೋಗಬಹುದಾ?

ಪಿ.ಜೆ. ಬಡಾವಣೆ ಅಂಕಲ್
ಬೇಡಮ್ಮ. ಹೋದ ಡಿಸೆಂಬರಿನಲ್ಲಿ ನಾವು ನಾಲ್ಕು ಜನ ಹೋಗಿ ಬಂದೆವು. ಆಗ 1,350 ಇತ್ತು, ಈಗ ನೂರು ಏರಿಸಿದ್ದಾರೆ ಅಂತ ನಿಮ್ಮಿಂದಲೇ ಗೊತ್ತಾಯಿತು. ಲೆಕ್ಕ ಬರೆದಿಟ್ಟಿದ್ದೇನೆ, ನೋಡಿ. ಬಸ್ಸಿಗೆ 5,400. ಮಧ್ಯಾಹ್ನದ ಊಟ ಅದರಲ್ಲಿ ಸೇರಿಲ್ಲ ಅಂತ ಬಸ್ ಹತ್ತಿದ ಮೇಲೆ ಹೇಳಿದರು. 180ರ ಹಾಗೆ 720. ಎಂಟ್ರಿ ಟಿಕೆಟ್ 160. ಬ್ಯಾಟರಿ ಗಾಡಿ 80. ಚಪ್ಪಲಿ ಕಾಯುವವನಿಗೆ 20. ನೀರಿನ ಬಾಟಲಿ ಆರು, 120. ಎಳನೀರು 200. ಟೀ 60. ಗೈಡಿಗೆ "ಇಷ್ಟ ಬಂದಷ್ಟು ಕೊಡಿ ಸಾರ್" ಅಂತ ಎಲ್ಲರ ಎದುರಿಗೇ ಕೈ ಚಾಚಿದರೆ ಏನು ಮಾಡೋದು, 100. ರಾತ್ರಿ 12.40ಕ್ಕೆ ಹೈಸ್ಕೂಲ್ ಮೈದಾನದ ಹತ್ತಿರ ಇಳಿಸಿ ಹೋದರು. ಅಲ್ಲಿಂದ ಮನೆಗೆ ಆಟೋ 250. ಒಟ್ಟು 7,110.

ದುಡ್ಡು ಹೋಗಲಿ. 5ಕ್ಕೆ ಹೊರಡಬೇಕಾದ ಬಸ್ ಹೊರಟಿದ್ದು 6.20ಕ್ಕೆ. ಯಾರೋ ಎರಡು ಫ್ಯಾಮಿಲಿ "ಬಂದೇ ಬಿಟ್ಟೆವು" ಅಂತ ಫೋನಿನಲ್ಲೇ ಇದ್ದರು. ಹಗರಿಬೊಮ್ಮನಹಳ್ಳಿಯಲ್ಲಿ ಇಡ್ಲಿಗೆ 50 ನಿಮಿಷ. ವಿರೂಪಾಕ್ಷನ ಗುಡಿಗೆ ಹೋಗುವಷ್ಟರಲ್ಲಿ ಮಧ್ಯಾಹ್ನದ ಬಾಗಿಲು ಹಾಕಿತ್ತು. ನಮ್ಮ ಮನೆಯವರು ಬಾಗಿಲಿಗೇ ಕೈ ಮುಗಿದು ಬಂದರು. ಆ ರಥ ಇರುವ ವಿಠ್ಠಲ ದೇವಸ್ಥಾನದಲ್ಲಿ ಬ್ಯಾಟರಿ ಗಾಡಿಯ ಕ್ಯೂ ಮುಕ್ಕಾಲು ಗಂಟೆ, ಒಳಗೆ ಬಿಟ್ಟಿದ್ದು 35 ನಿಮಿಷ. ಆಮೇಲೆ ಯಾವುದೋ ಬಟ್ಟೆ ಅಂಗಡಿಗೆ ಕರೆದುಕೊಂಡು ಹೋಗಿ ಅಲ್ಲಿ 40 ನಿಮಿಷ! ಸೀರೆ ನೋಡೋಕೆ ರಥಕ್ಕಿಂತ ಐದು ನಿಮಿಷ ಜಾಸ್ತಿ.

ನಿಟ್ಟುವಳ್ಳಿ ಅಕ್ಕ
ಅಂಕಲ್ ಅವರಿಗೆ ಎಲ್ಲಿ ಹೋದರೂ ಇದೇ ಪಾಡು ಅನ್ನಿಸುತ್ತೆ. ನಾವು ಇಂಥದೇ ಟೂರಿನಲ್ಲಿ ಹೋಗಿದ್ದೆವು, ವಾರದ ದಿನ. ಇಡೀ ಬಸ್ಸಿನಲ್ಲಿ ನಗು, ಅಂತ್ಯಾಕ್ಷರಿ. ನಮ್ಮ ಅತ್ತೆಗೆ 71. ಹುಟ್ಟಿದಾಗಿನಿಂದ ಹರಿಹರ ದಾಟಿದವರಲ್ಲ. ಅವರು ವಿರೂಪಾಕ್ಷನ ಗುಡಿಯ ಹಿಂಭಾಗದ ಕತ್ತಲೆ ಕೋಣೆಯಲ್ಲಿ ಗೋಪುರದ ನೆರಳು ತಲೆಕೆಳಗಾಗಿ ಗೋಡೆ ಮೇಲೆ ಬಿದ್ದಿದ್ದು ನೋಡಿ, ಸೆರಗು ಬಾಯಿಗೆ ಹಿಡಿದುಕೊಂಡು ನಿಂತುಬಿಟ್ಟರು. ಗೋಡೆಯ ಸಣ್ಣ ಕಿಂಡಿಗೆ ಗೈಡ್ ಕೈ ಅಡ್ಡ ಹಿಡಿದರೆ ನೆರಳು ಮಾಯ, ತೆಗೆದರೆ ವಾಪಸ್. ಅತ್ತೆ ನಾಲ್ಕು ಸಲ ಕೈ ಹಿಡಿಸಿದರು. ಗೈಡ್ ಇಲ್ಲದಿದ್ದರೆ ಆ ಮೂಲೆಗೆ ನಾವು ಹೋಗುತ್ತಲೇ ಇರಲಿಲ್ಲ.

ಊಟದ ರಗಳೆ ನಮಗಿಲ್ಲ. ರೊಟ್ಟಿ, ಶೇಂಗಾ ಚಟ್ನಿ, ಎಣ್ಣೆಗಾಯಿ ಮನೆಯಿಂದಲೇ ಒಯ್ದಿದ್ದೆ. ಒಂದೇ ಬೇಜಾರು. ನನ್ನ ತವರಿನ ಮೂರು ಹಂತದ ಸ್ಟೀಲ್ ಡಬ್ಬಿ ಬಸ್ಸಿನಲ್ಲೇ ಉಳಿಯಿತು. ಮಾರನೇ ದಿನ ಬೆಳಿಗ್ಗೆ 7ಕ್ಕೇ ಫೋನ್ ಮಾಡಿದೆ. "ನೋಡ್ತೀವಿ ಅಕ್ಕ" ಅಂದರು. ಹನ್ನೊಂದು ಸಲ ಫೋನ್ ಮಾಡಿದ್ದೇನೆ, ಇವತ್ತಿಗೂ ನೋಡುತ್ತಲೇ ಇದ್ದಾರೆ. ಮುಚ್ಚಳದ ಮೇಲೆ ನಮ್ಮ ಅಪ್ಪನ ಹೆಸರು ಕೊರೆಸಿತ್ತು.

ಪಿ.ಜೆ. ಬಡಾವಣೆ ಅಂಕಲ್
ಡಬ್ಬಿ ನುಂಗಿದವರ ಟೂರನ್ನೇ ಹೊಗಳುತ್ತೀರಲ್ಲ ತಾಯಿ.

ನಿಟ್ಟುವಳ್ಳಿ ಅಕ್ಕ
ಡಬ್ಬಿ ನಾನು ಮರೆತದ್ದು. ನನ್ನ ತಪ್ಪನ್ನು ನಾನು ಒಪ್ಪಿಕೊಳ್ಳುತ್ತೇನೆ. ಚಪ್ಪಲಿ ಕಾದವನ 20 ರೂಪಾಯಿಯನ್ನು ಒಂದು ವರ್ಷ ಲೆಕ್ಕ ಇಡುವುದಿಲ್ಲ.

ಎಂ.ಸಿ.ಸಿ. ಕಾರಿನವನು
ಇಬ್ಬರೂ ಬಿಡಿ. ಹಂಪಿಗೆ ಸ್ವಂತ ಗಾಡಿಯಲ್ಲೇ ಹೋಗಬೇಕು. ಯಾರ ಸೀಟಿಗೂ ಕಾಯಬೇಕಿಲ್ಲ. ನಾನು, ಹೆಂಡತಿ, ಇಬ್ಬರು ಮಕ್ಕಳು ಬೆಳಗಿನ ಜಾವ 4.30ಕ್ಕೆ ಬಿಟ್ಟು 7.45ಕ್ಕೆ ವಿರೂಪಾಕ್ಷನ ಬಾಗಿಲಲ್ಲಿದ್ದೆವು. ವಿಠ್ಠಲ ದೇವಸ್ಥಾನದಲ್ಲಿ ಬೆಳಿಗ್ಗೆ ಮೊದಲ ಗಾಡಿಯಲ್ಲೇ ಹೋದೆವು. ರಥದ ಮುಂದೆ ನಾವು ಬಿಟ್ಟರೆ ಒಬ್ಬ ಸೆಕ್ಯೂರಿಟಿ, ಎರಡು ಕೋತಿ. ನಾನು ತೆಗೆದ ಫೋಟೋದಲ್ಲಿ ಬೇರೆಯವರ ತಲೆಯೇ ಇಲ್ಲ. ಬ್ಯಾಡ್ಜ್ ಇರುವ ಗೈಡ್ ಅರ್ಧ ದಿನಕ್ಕೆ 1,500 ಕೇಳಿದರು, 1,200ಕ್ಕೆ ಒಪ್ಪಿದರು. ಪೆಟ್ರೋಲ್ 2,600. ಅಷ್ಟೇ ಖರ್ಚು.

ವಾಪಸ್ ಬರುವಾಗ ಹರಪನಹಳ್ಳಿ ಹತ್ತಿರ ಎಡಗಡೆ ಹಿಂದಿನ ಟೈರ್ ಸೈಡಿನಲ್ಲಿ ಸೀಳಿತು. ಸ್ಟೆಪ್ನಿಯಲ್ಲಿ ಗಾಳಿ ಇರಲಿಲ್ಲ. ಕತ್ತಲೆಯಲ್ಲಿ ಒಂದೂಮುಕ್ಕಾಲು ಗಂಟೆ. ಒಬ್ಬ ಪುಣ್ಯಾತ್ಮ ಟ್ರ್ಯಾಕ್ಟರಿನವನು ಸ್ಟೆಪ್ನಿ ಒಯ್ದು ಗಾಳಿ ಹಾಕಿಸಿಕೊಂಡು ಬಂದ. ಹೊಸ ಟೈರ್ 4,800. ಆದರೆ ಅದು ಹೇಗೂ ಹಳೇದಾಗಿತ್ತು, ಟೂರಿನ ಖರ್ಚಿಗೆ ಸೇರಲ್ಲ.

ಪಿ.ಜೆ. ಬಡಾವಣೆ ಅಂಕಲ್
ಯಾಕೆ ಸೇರಲ್ಲ? 1,200 ಮತ್ತು 2,600 ಮತ್ತು 4,800, ಒಟ್ಟು 8,600. ನನಗಿಂತ 1,490 ಜಾಸ್ತಿ. ಊಟ, ನೀರು ಇನ್ನೂ ಬರೆದೇ ಇಲ್ಲ ನೀವು.

ಎಂ.ಸಿ.ಸಿ. ಕಾರಿನವನು
ಟೈರ್ ಇವತ್ತಲ್ಲ ನಾಳೆ ಹಾಕಿಸಲೇಬೇಕಿತ್ತು ಅಂತ ಹೇಳಿದೆನಲ್ಲ ಸಾರ್.

ಪಿ.ಜೆ. ಬಡಾವಣೆ ಅಂಕಲ್
ಹಳೇ ಟೈರಿನಲ್ಲಿ ಹೆಂಡತಿ ಮಕ್ಕಳನ್ನು ಕೂರಿಸಿಕೊಂಡು ಹೋದವರು ನಮಗೆ ಬುದ್ಧಿ ಹೇಳುತ್ತಿದ್ದಾರೆ.

ಎಂ.ಸಿ.ಸಿ. ಕಾರಿನವನು
ವಯಸ್ಸಿಗೆ ಬೆಲೆ ಕೊಟ್ಟು ಸುಮ್ನಿದ್ದೇನೆ.

ರಿಟೈರ್ಡ್ ಮೇಷ್ಟ್ರು
ಜಗಳ ಬಿಟ್ಟು ಒಂದು ಮುಖ್ಯ ವಿಷಯ ಕೇಳಿ. ನಾನೂ ಗ್ರೂಪ್ ಟೂರಿನಲ್ಲಿ ಹೋಗಿ ನೊಂದವನು, ಆದರೆ ದುಡ್ಡಿಗಲ್ಲ. ಬಸ್ಸಿನ ಜೊತೆ ಬಂದ ಹುಡುಗ ಗೈಡ್ ಅಲ್ಲವೇ ಅಲ್ಲ, ಮೈಕ್ ಹಿಡಿದ ಕ್ಲೀನರ್. ಕಲ್ಲಿನ ರಥವನ್ನು "ಒಂದೇ ಬಂಡೆಯಲ್ಲಿ ಕೆತ್ತಿದ್ದು" ಅಂದ. ಅದು ಹಲವು ಕಲ್ಲುಗಳನ್ನು ಜೋಡಿಸಿ ಕಟ್ಟಿದ ಗರುಡನ ಗುಡಿ. ಬೆಸುಗೆ ಕಾಣದ ಹಾಗೆ ಕೂರಿಸಿದ್ದಾರೆ, ಅದೇ ಅಲ್ಲಿನ ಜಾಣತನ. ಮೇಲೆ ಇಟ್ಟಿಗೆಯ ಶಿಖರವೂ ಇತ್ತು. 1856ರಲ್ಲಿ ಗ್ರೀನ್‌ಲಾ ಎಂಬ ಇಂಗ್ಲಿಷ್ ಅಧಿಕಾರಿ ತೆಗೆದ ಫೋಟೋದಲ್ಲಿ ಅದು ಕಾಣುತ್ತದೆ. ಈಗಿಲ್ಲ. ಮುಂದೆ ನಿಂತಿರುವ ಆನೆಗಳ ಹಿಂದೆ ಬಗ್ಗಿ ನೋಡಿದರೆ ಕುದುರೆಯ ಹಿಂಗಾಲು, ಬಾಲ ಸಿಗುತ್ತವೆ. ಮೊದಲು ಅಲ್ಲಿದ್ದದ್ದು ಕುದುರೆ. ಇದನ್ನು ನಾನು ಬಸ್ಸಿನ ಮಕ್ಕಳಿಗೆ ತೋರಿಸುತ್ತಿದ್ದರೆ ಆ ಹುಡುಗ "ಅಜ್ಜಾರೆ, ಟೈಮ್ ಆಯ್ತು" ಅಂತ ಸೀಟಿ ಊದಿದ.

ಮುಂದೆ ಉಗ್ರ ನರಸಿಂಹ ಅಂದ. ತೊಡೆಯ ಮೇಲೆ ಲಕ್ಷ್ಮಿ ಇದ್ದಳು ಕಣ್ರೀ, ಒಡೆದು ಹೋಗಿದೆ. ನರಸಿಂಹನ ಬೆನ್ನಿನ ಹಿಂದೆ ಅವಳ ಕೈ ಇನ್ನೂ ಇದೆ. 1528ರ ಲಕ್ಷ್ಮೀನರಸಿಂಹ ಅದು. ಹೆಂಡತಿಯನ್ನು ತೊಡೆ ಮೇಲೆ ಕೂರಿಸಿಕೊಂಡವನು ಉಗ್ರ ಹೇಗಾಗುತ್ತಾನೆ?

ರಾಜರ ಆವರಣದ ಕಪ್ಪು ಕಲ್ಲಿನ ಪುಷ್ಕರಣಿಗೆ ಕೊಟ್ಟಿದ್ದು ಆರು ನಿಮಿಷ. ಒಂದೊಂದು ಕಲ್ಲಿನ ಮೇಲೂ ಅದು ಯಾವ ದಿಕ್ಕಿನದು, ಎಷ್ಟನೇ ಸಾಲಿನದು ಅಂತ ಗುರುತು ಕೊರೆದಿದೆ. ಬೇರೆಡೆ ಕೆತ್ತಿ ತಂದು ಇಲ್ಲಿ ಜೋಡಿಸಿದ್ದಾರೆ. ನಾನು ಕಂಬಿಯ ಹೊರಗಿನಿಂದ ಕನ್ನಡಕ ಒರೆಸಿಕೊಂಡು ಎರಡು ಕಲ್ಲಿನ ಗುರುತು ಓದಿಕೊಂಡೆ. ಮೂರನೇದಕ್ಕೆ ಸೀಟಿ.

ನಿಟ್ಟುವಳ್ಳಿ ಅಕ್ಕ
ಮೇಷ್ಟ್ರೇ, 42 ಜನರ ಬಸ್ಸಿನಲ್ಲಿ ನೀವು ಒಬ್ಬರೇ ಕಲ್ಲು ಓದುತ್ತಾ ಕೂತರೆ ಉಳಿದ 41 ಜನ ಏನು ಮಾಡಬೇಕು? ನಮ್ಮ ಬಸ್ಸಿನಲ್ಲೂ ಇಂಥವರು ಒಬ್ಬರಿದ್ದರು. ಅವರನ್ನು ಹುಡುಕುವುದರಲ್ಲೇ ಕಮಲ್ ಮಹಲ್ ಮುಗಿಯಿತು.

ರಿಟೈರ್ಡ್ ಮೇಷ್ಟ್ರು
ಬಹುಶಃ ನಾನೇ ಇರಬೇಕು. ನಿಮ್ಮದು ಕೆಂಪು ಕಿಟಕಿ ಪರದೆಯ ಬಸ್ಸಾ?

ನಿಟ್ಟುವಳ್ಳಿ ಅಕ್ಕ
ಅಯ್ಯೋ ದೇವರೇ.

ದುರ್ಗದ ಹುಡುಗ
ಇಷ್ಟೆಲ್ಲ ಒದ್ದಾಟ ಯಾಕೆ ಅಂತ? ದಾವಣಗೆರೆಯಿಂದ ಒಂದೂವರೆ ಗಂಟೆಯೊಳಗೆ ದುರ್ಗ. ಏಳು ಸುತ್ತಿನ ಕೋಟೆ, ಓಬವ್ವನ ಕಿಂಡಿ, ಹಿಡಿಂಬೇಶ್ವರ, ಅಕ್ಕತಂಗಿ ಹೊಂಡ. ಸಂಜೆ ವಾಪಸ್ ಹೋಗಿ ಮನೆಯಲ್ಲೇ ಊಟ. ಹಂಪಿ ಹಂಪಿ ಅಂತ ಕುಣಿಯುತ್ತೀರಿ, ಒಂದೇ ಯುದ್ಧಕ್ಕೆ ಬಿದ್ದುಹೋದ ಊರು. ನಮ್ಮ ಕೋಟೆ ತೆಗೆದುಕೊಳ್ಳೋಕೆ ಹೈದರಾಲಿ 1779ರವರೆಗೆ ಎಷ್ಟು ಸಲ ಬರಬೇಕಾಯಿತು, ಸ್ವಲ್ಪ ಓದಿ.

ರಿಟೈರ್ಡ್ ಮೇಷ್ಟ್ರು
ತಮ್ಮಾ, ಆ ಯುದ್ಧ ಆಗಿದ್ದು ಹಂಪಿಯಲ್ಲೇ ಅಲ್ಲ. 1565ರ ಜನವರಿಯಲ್ಲಿ ಕಾದಾಡಿದ್ದು ಕೃಷ್ಣಾ ನದಿಯ ಕಡೆ, ರಕ್ಕಸತಂಗಡಿಯಲ್ಲಿ. ಅಲ್ಲಿ ಅಳಿಯ ರಾಮರಾಯ ಸತ್ತ ಮೇಲೆ ಇಲ್ಲಿ ಊರು ಕಾಯುವವರೇ ಇರಲಿಲ್ಲ. ಇನ್ನು ನಿಮ್ಮ ನಾಯಕರು ಮೊದಲು ಯಾರ ಕೈಕೆಳಗೆ ಇದ್ದರು? ವಿಜಯನಗರದ ಅರಸರ ಕೈಕೆಳಗೇ.

ದುರ್ಗದ ಹುಡುಗ
ಕೈಕೆಳಗಿದ್ದರೂ ನಮ್ಮ ಗೋಡೆ ನಿಂತಿದೆ, ನಿಮ್ಮ ಅರಮನೆಯ ತಳಪಾಯ ಮಾತ್ರ ಉಳಿದಿದೆ. ಅಷ್ಟೇ ಹೇಳಿದ್ದು.

ಎಂ.ಸಿ.ಸಿ. ಕಾರಿನವನು
68 ವರ್ಷದ, ಮಂಡಿ ನೋವಿನ ಅಮ್ಮನನ್ನು ದುರ್ಗದ ಕೋಟೆ ಹತ್ತಿಸು ಅಂತೀಯಲ್ಲಪ್ಪ. ನಿನಗೆ ತಲೆ ಇದೆಯಾ?

ದುರ್ಗದ ಹುಡುಗ
ಪಂಕ್ಚರ್ ಅಣ್ಣ ಮಾತಾಡಿದರು.

ವಿದ್ಯಾನಗರದವಳು
ಎಲ್ಲರೂ ಇಷ್ಟು ಬರೆದಿದ್ದೀರಿ, ಥ್ಯಾಂಕ್ಸ್. ಆದರೆ ಅಮ್ಮನ ಮಂಡಿ ವಿಷಯ ಯಾರೂ ಸರಿಯಾಗಿ ಹೇಳಲಿಲ್ಲ. ಎಷ್ಟು ಮೆಟ್ಟಿಲು, ಎಷ್ಟು ನಡಿಗೆ?

ಕಮಲಾಪುರದ ಸೊಸೆ
ನಾನು ದಾವಣಗೆರೆಯವಳು, ಮದುವೆಯಾಗಿ ಬಂದಿದ್ದು ಕಮಲಾಪುರಕ್ಕೆ. ಬಂದ ನೆಂಟರನ್ನೆಲ್ಲ ಸುತ್ತಿಸಿ ಸುತ್ತಿಸಿ ನನ್ನ ಮಂಡಿಯೇ ಹೋಗಿದೆ, ಆ ಮಾತು ಬೇರೆ. ವಿರೂಪಾಕ್ಷನ ಗುಡಿ ಸಮತಟ್ಟು. ಹೊಸ್ತಿಲು ಎತ್ತರ ಇವೆ, ಕೈ ಹಿಡಿದು ದಾಟಿಸಿ. ಬರಿಗಾಲಲ್ಲಿ ಮಧ್ಯಾಹ್ನದ ಬಂಡೆ ಸುಡುತ್ತೆ, ಕಾಲುಚೀಲ ಹಾಕಿಸಿ. ವಿಠ್ಠಲನಿಗೆ ಬ್ಯಾಟರಿ ಗಾಡಿ ಇದೆ. ಒಳಗೆ ಒಂದು ಮರದ ನೆರಳಲ್ಲಿ ಅಮ್ಮನನ್ನು ಕೂರಿಸಿ ನೀವು ಮಗನ ಜೊತೆ ರಥ ನೋಡಿ ಬನ್ನಿ. ಮಹಾನವಮಿ ದಿಬ್ಬ ಹತ್ತಿಸಲೇಬೇಡಿ, ಮೆಟ್ಟಿಲು ಕಡಿದು. ಆನೆಲಾಯದ ಮುಂದೆ ಹುಲ್ಲು ಇದೆ, ಗುಮ್ಮಟಗಳ ಸಾಲು ಕೂತಲ್ಲಿಂದಲೇ ಕಾಣುತ್ತೆ. ವಿಠ್ಠಲ ದೇವಸ್ಥಾನದ ಟಿಕೆಟ್ ಅಲ್ಲಿಗೂ ಅದೇ ದಿನ ನಡೆಯುತ್ತೆ, ಬಿಸಾಡಬೇಡಿ. 15ರ ಒಳಗಿನವರಿಗೆ ಟಿಕೆಟ್ ಇಲ್ಲ.

ಒಂದು ಮಾತು ಮಾತ್ರ ಬುಕ್ ಮಾಡುವ ಮುಂಚೆ ಕೇಳಿ. ಬಸ್ಸು ಮೊದಲು ಎಲ್ಲಿಗೆ ಹೋಗುತ್ತೆ? ವಿರೂಪಾಕ್ಷನಿಗೆ ಮೊದಲು ಅಂದರೆ ಹೋಗಿ. ಊಟ ಆದಮೇಲೆ ಅಂದರೆ ಬೇಡ.

ಪಿ.ಜೆ. ಬಡಾವಣೆ ಅಂಕಲ್
15ರ ಒಳಗಿನವರಿಗೆ ಟಿಕೆಟ್ ಇಲ್ವಾ? ನಮ್ಮ ಮೊಮ್ಮಗನಿಗೆ 12. ಅವನಿಗೂ 40 ಇಸಿದುಕೊಂಡರಲ್ಲ ಬಸ್ಸಿನವರು!

ನಿಟ್ಟುವಳ್ಳಿ ಅಕ್ಕ
7,070 ಅಂತ ತಿದ್ದಿಕೊಳ್ಳಿ ಅಂಕಲ್.

ಪಿ.ಜೆ. ಬಡಾವಣೆ ಅಂಕಲ್
ಕೊಟ್ಟಿದ್ದು ಕೊಟ್ಟಾಯಿತಲ್ಲ, ತಿದ್ದೋದು ಹೇಗೆ? ವಾಪಸ್ ಕೊಟ್ಟರೆ ತಿದ್ದುತ್ತೇನೆ. ನಾಳೆಯೇ ಅವರ ಆಫೀಸಿಗೆ ಹೋಗುತ್ತೇನೆ.

ನಿಟ್ಟುವಳ್ಳಿ ಅಕ್ಕ
ಹೋಗೋದಾದರೆ ನನ್ನ ಡಬ್ಬಿಯನ್ನೂ ಕೇಳಿ. ಮೂರು ಹಂತದ್ದು, ಹಿಡಿ ಸ್ವಲ್ಪ ಸೊಟ್ಟಗಿದೆ.

ವಿದ್ಯಾನಗರದವಳು
ಫೋನ್ ಮಾಡಿ ಕೇಳಿದೆ. ವಿರೂಪಾಕ್ಷನೇ ಮೊದಲು ಅಂದರು. ಬುಕ್ ಮಾಡಿದೆ. ಮಗ 50ರ ನೋಟನ್ನು ಈಗಲೇ ಕಂಪಾಸ್ ಬಾಕ್ಸಿನಲ್ಲಿ ಇಟ್ಟುಕೊಂಡು, ಅದರಲ್ಲಿ ಕುದುರೆ ಬಾಲ ಹುಡುಕುತ್ತಿದ್ದಾನೆ.

ಪಿ.ಜೆ. ಬಡಾವಣೆ ಅಂಕಲ್
ಅಡ್ವಾನ್ಸ್ ಎಷ್ಟು ಕೊಟ್ಟಿರಿ? ರಸೀದಿ ತಗೊಂಡಿರಾ?