ಜಾರುವ ಕಾಲರೇಖೆಗಳನ್ನು ಸ್ಥಿರಗೊಳಿಸಿದ ಸಂಶೋಧಕಿಯ ಬದುಕನ್ನು ಹೇಗೆ ಬರೆಯಬೇಕು?

ಮಸಿಕುಡಿಕೆ (ಪ್ರಶ್ನೆ):

ಜೀವನಚರಿತ್ರೆಯ ಧಾಟಿಯಲ್ಲಿ ಒಂದು ನೀಳ್ಗತೆ ಬರೆಯುತ್ತಿದ್ದೇನೆ. ಅದರ ನಾಯಕಿ ಒಬ್ಬ ಕಾಲ್ಪನಿಕ ಸಂಶೋಧಕಿ. ಆಕೆಯ ಜಗತ್ತಿನಲ್ಲಿ ಕಾಲರೇಖೆ ಆಗಾಗ ಜಾರುತ್ತದೆ. ನಿನ್ನೆ ನಡೆದ ಭೇಟಿ ಇಂದು ನಡೆದೇ ಇರುವುದಿಲ್ಲ, ಬರೆದಿಟ್ಟ ಪತ್ರದಲ್ಲಿ ಬೇರೆಯದೇ ಒಕ್ಕಣೆ ಇರುತ್ತದೆ. ಆಕೆ ಒಂದು ಯಂತ್ರವನ್ನು ಕಟ್ಟಿ ಈ ಜಾರುವಿಕೆಯನ್ನು ತಡೆಯುತ್ತಾಳೆ. ಬಾಲ್ಯ, ಕಲಿಕೆ, ಸೋಲುಗಳ ಅಧ್ಯಾಯಗಳು ಸಲೀಸಾಗಿ ಬಂದವು. ಯಂತ್ರ ಕೆಲಸ ಮಾಡಿದ ದಿನದ ನಂತರ ನನ್ನ ಲೇಖನಿ ನಿಂತುಹೋಗಿದೆ. ಕಾಲರೇಖೆ ಒಮ್ಮೆ ಸ್ಥಿರವಾದರೆ, ಅದು ಹಿಂದೆ ಜಾರುತ್ತಿತ್ತು ಎಂಬುದಕ್ಕೆ ಯಾರ ಬಳಿಯೂ ಸಾಕ್ಷ್ಯ ಉಳಿಯುವುದಿಲ್ಲ. ಹಾಗಿರುವಾಗ ಚರಿತ್ರಕಾರ ಯಾವ ಆಧಾರದಿಂದ ಬರೆಯುತ್ತಾನೆ? ಅಲ್ಲದೆ, ಗುಂಡಿ ಒತ್ತಿದಳು, ಎಲ್ಲವೂ ನಿಂತಿತು ಎಂದು ಬರೆದರೆ ಯಂತ್ರ ಮಂತ್ರದಂಡವಾಗಿಬಿಡುತ್ತದೆ. ಇದಕ್ಕೆ ವಿಜ್ಞಾನದಲ್ಲಿ ಏನಾದರೂ ಆಸರೆ ಸಿಗಬಹುದೇ?

ಲೋಲಕ:

ಮೊದಲು ಒಂದನ್ನು ತೀರ್ಮಾನಿಸಿಕೊಳ್ಳಿ. ನಿಮ್ಮ ಜಗತ್ತಿನಲ್ಲಿ ಇರುವುದು ಬದಲಾಗುವ ಒಂದೇ ಇತಿಹಾಸವೋ, ಅಥವಾ ಭೌತವಿಜ್ಞಾನಿ ಹ್ಯೂ ಎವೆರೆಟ್ 1957ರಲ್ಲಿ ಮಂಡಿಸಿದ ಕ್ವಾಂಟಮ್ ಸಿದ್ಧಾಂತದ (ಪರಮಾಣು ಮಟ್ಟದ ಭೌತವಿಜ್ಞಾನದ) ವ್ಯಾಖ್ಯಾನದಂತೆ ಕವಲೊಡೆಯುತ್ತಲೇ ಹೋಗುವ ಜಗತ್ತೋ? ಎರಡನೆಯದಾದರೆ ಪ್ರತಿ ಕವಲೂ ತನ್ನಷ್ಟಕ್ಕೆ ತಾನು ಮುಂದುವರಿಯುತ್ತದೆ, ಯಾವುದೂ ಜಾರುವುದಿಲ್ಲ, ನಿಮ್ಮ ನಾಯಕಿಗೆ ಕೆಲಸವೇ ಇರುವುದಿಲ್ಲ. ಆದ್ದರಿಂದ ಮೊದಲನೆಯದನ್ನೇ ಹಿಡಿಯಿರಿ.

ಜಾರುವಿಕೆಗೆ ಒಳ್ಳೆಯ ಮಾದರಿ ಹವಾಮಾನದ ಲೆಕ್ಕಾಚಾರದಲ್ಲಿದೆ. 1961ರಲ್ಲಿ ಹವಾಮಾನ ವಿಜ್ಞಾನಿ ಎಡ್ವರ್ಡ್ ಲೊರೆನ್ಜ್ ತಮ್ಮ ಕಂಪ್ಯೂಟರಿನ ಹಳೆಯ ಲೆಕ್ಕವೊಂದನ್ನು ನಡುವಿನಿಂದ ಮತ್ತೆ ಆರಂಭಿಸುವಾಗ, ಯಂತ್ರದೊಳಗೆ 0.506127 ಎಂದಿದ್ದ ಸಂಖ್ಯೆಯನ್ನು ಮುದ್ರಿತ ಹಾಳೆಯಲ್ಲಿದ್ದಂತೆ 0.506 ಎಂದು ಕೊಟ್ಟರು. ಸ್ವಲ್ಪ ಕಾಲ ಎರಡೂ ಲೆಕ್ಕಗಳು ಜೊತೆಜೊತೆಯಾಗಿ ಸಾಗಿ, ಬಳಿಕ ಒಂದಕ್ಕೊಂದು ಸಂಬಂಧವೇ ಇಲ್ಲದಷ್ಟು ಬೇರೆಯಾದವು. ಇದು ಕಾಯಿಲೆಯ ಕಡೆ. ಮದ್ದು 1990ರಲ್ಲಿ ಬಂದಿತು. ಆಟ್, ಗ್ರೆಬೋಗಿ ಮತ್ತು ಯಾರ್ಕ್ ಎಂಬ ಮೂವರು, ಇಂಥ ಅಸ್ತವ್ಯಸ್ತ ಚಲನೆಯೊಳಗೆ ಅಸಂಖ್ಯ ಆವರ್ತಕ ಪಥಗಳು (ಮತ್ತೆ ಮತ್ತೆ ಅದೇ ದಾರಿಯಲ್ಲಿ ಸುತ್ತುವ ಚಲನೆಗಳು) ಅಡಗಿರುತ್ತವೆ, ಅವುಗಳಲ್ಲಿ ಬೇಕಾದುದರ ಹತ್ತಿರಕ್ಕೆ ವ್ಯವಸ್ಥೆ ತಾನಾಗಿಯೇ ಬರುವವರೆಗೆ ಕಾದು, ಆಮೇಲೆ ಅತಿ ಸಣ್ಣ ತಿದ್ದುಪಡಿಗಳನ್ನು ಕೊಡುತ್ತಿದ್ದರೆ ಅದನ್ನು ಅಲ್ಲೇ ಉಳಿಸಿಕೊಳ್ಳಬಹುದು ಎಂದು ತೋರಿಸಿದರು. ಬಲ ಬೇಕಿಲ್ಲ, ಕಾಯುವ ತಾಳ್ಮೆ ಬೇಕು. ಆದರೆ ತಿದ್ದುವುದನ್ನು ನಿಲ್ಲಿಸಿದರೆ ಚಲನೆ ಮತ್ತೆ ದಾರಿ ತಪ್ಪುತ್ತದೆ. ಹಾಗಾಗಿ ನಿಮ್ಮ ಯಂತ್ರಕ್ಕೆ ಗುಂಡಿಯೇ ಬೇಡ. ಅದು ಎಂದೂ ಮುಗಿಯದ ಕೆಲಸ.

ಹಳೇಪುಟ:

ನನಗೆ ಯಂತ್ರಕ್ಕಿಂತ ಬದುಕಿನ ಭಾಗದಲ್ಲಿ ಆಸಕ್ತಿ. ಜಾನ್ ಹ್ಯಾರಿಸನ್ ಅವರ ಜೀವನವನ್ನು ಒಮ್ಮೆ ಗಮನಿಸಿ. 1693ರಲ್ಲಿ ಹುಟ್ಟಿದ ಅವರು ಬಡಗಿ. ಸಮುದ್ರದ ಮೇಲೆ ರೇಖಾಂಶ ಕಂಡುಹಿಡಿಯಲು ಬೇಕಾದ ನಿಖರ ಗಡಿಯಾರಕ್ಕಾಗಿ ಇಡೀ ಆಯುಷ್ಯ ಸವೆಸಿದರು. ಬ್ರಿಟಿಷ್ ಸಂಸತ್ತು 1714ರಲ್ಲೇ ಇದಕ್ಕೆ 20,000 ಪೌಂಡ್‌ವರೆಗಿನ ಬಹುಮಾನ ಘೋಷಿಸಿತ್ತು. ಮೂರನೆಯ ಗಡಿಯಾರವೊಂದಕ್ಕೇ ಅವರು ಸುಮಾರು 19 ವರ್ಷ ವ್ಯಯಿಸಿದರು, ಆದರೂ ಅದು ಗುರಿ ಮುಟ್ಟಲಿಲ್ಲ. (ಅದಕ್ಕಾಗಿ ಅವರು ರೂಪಿಸಿದ ದ್ವಿಲೋಹ ಪಟ್ಟಿ, ಅಂದರೆ ಎರಡು ಲೋಹಗಳನ್ನು ಬೆಸೆದ, ಬಿಸಿಗೆ ಬಾಗುವ ಪಟ್ಟಿ, ಮುಂದೆ ಎಷ್ಟೋ ಥರ್ಮೋಸ್ಟಾಟ್‌ಗಳಲ್ಲಿ ಸೇರಿಕೊಂಡಿತು, ಸೋತ ಯಂತ್ರದ ಅಂಗವೊಂದು ಹೀಗೆ ಬಾಳುವುದನ್ನು ನಿಮ್ಮ ಕಥೆಯಲ್ಲಿ ಅಗತ್ಯವಾಗಿ ಬಳಸಿಕೊಳ್ಳಿ.) ಕೈಯಲ್ಲಿ ಹಿಡಿಯಬಹುದಾದ ನಾಲ್ಕನೆಯ ಗಡಿಯಾರ 1761ರಲ್ಲಿ ಜಮೈಕಾಕ್ಕೆ ಹೊರಟು, ಅದು ದಿನಕ್ಕೆ ಎಷ್ಟು ತಪ್ಪುತ್ತದೆಂದು ಮೊದಲೇ ತಿಳಿದಿದ್ದ ವ್ಯತ್ಯಾಸವನ್ನು ಕಳೆದರೆ ಕೇವಲ ಐದು ಸೆಕೆಂಡಿನಷ್ಟು ಮಾತ್ರ ತಪ್ಪಿತು.

ಆಗ ಬಹುಮಾನವನ್ನು ತೀರ್ಮಾನಿಸುತ್ತಿದ್ದ ರೇಖಾಂಶ ಮಂಡಳಿ ಎತ್ತಿದ ಅನುಮಾನ ನಿಮ್ಮ ಪ್ರಶ್ನೆಗೆ ತೀರ ಹತ್ತಿರದ್ದು: ಇದು ಬರೀ ಅದೃಷ್ಟವಿರಬಹುದು. ಅಷ್ಟು ಚೆನ್ನಾಗಿ ಕೆಲಸ ಮಾಡಿದ್ದೇ ಸಂಶಯಕ್ಕೆ ಕಾರಣವಾಯಿತು. 1764ರಲ್ಲಿ ಬಾರ್ಬಡೋಸ್‌ಗೆ ಎರಡನೆಯ ಯಾನ ಕೈಗೊಳ್ಳಬೇಕಾಯಿತು. 1773ರಲ್ಲಿ ಸಂಸತ್ತೇ ನಡುವೆ ಬಂದು ಉಳಿದ ಹಣ ಕೊಡಿಸುವಾಗ ಹ್ಯಾರಿಸನ್‌ಗೆ 80 ವರ್ಷ. ಅವರಿಗೆ ಮತ್ತೊಮ್ಮೆ ಹಡಗು ಹತ್ತಿಸಿ ತೋರಿಸುವ ಅವಕಾಶವಾದರೂ ಇತ್ತು. ನಿಮ್ಮ ನಾಯಕಿ ತೋರಿಸಬೇಕೆಂದರೆ ಯಂತ್ರವನ್ನು ನಿಲ್ಲಿಸಬೇಕು, ನಿಲ್ಲಿಸಿದರೆ ನೋಡಬೇಕಾದವರ ನಿನ್ನೆಯೇ ಬದಲಾಗಬಹುದು. ಆಕೆಯ ವೃದ್ಧಾಪ್ಯದ ಅಧ್ಯಾಯ ಇಲ್ಲಿಂದಲೇ ಹುಟ್ಟಬೇಕೆಂದು ನನಗನ್ನಿಸುತ್ತದೆ.

ಅಯಾನು:

ಲೋಲಕ ಅವರ ಸಲಹೆ ಸೊಗಸಾಗಿದೆ, ಆದರೆ ನಾನಾಗಿದ್ದರೆ ಕ್ವಾಂಟಮ್ ಜೀನೋ ಪರಿಣಾಮವನ್ನು ಆರಿಸಿಕೊಳ್ಳುತ್ತಿದ್ದೆ. ಒಂದು ಕ್ವಾಂಟಮ್ ಸ್ಥಿತಿಯನ್ನು ಬಿಡುವಿಲ್ಲದೆ ಅಳೆಯುತ್ತಿದ್ದರೆ ಅದು ಬದಲಾಗುವುದೇ ತಡೆಯಲ್ಪಡುತ್ತದೆ. 1977ರಲ್ಲಿ ಭೌತವಿಜ್ಞಾನಿಗಳಾದ ಬೈದ್ಯನಾಥ ಮಿಶ್ರ ಮತ್ತು ಸುದರ್ಶನ್ ಇದನ್ನು ಈ ಹೆಸರಿನಲ್ಲಿ ಮಂಡಿಸಿದರು. 1990ರಲ್ಲಿ ಬೆರಿಲಿಯಂ ಅಯಾನುಗಳ (ವಿದ್ಯುದಾವೇಶವುಳ್ಳ ಪರಮಾಣುಗಳ) ಮೇಲಿನ ಪ್ರಯೋಗವೊಂದು ಇದನ್ನು ತೋರಿಸಿತು. ಕಾಲರೇಖೆಯನ್ನು ನೋಡುತ್ತಿರುವುದರಿಂದಲೇ ಅದು ನಿಲ್ಲುತ್ತದೆ ಎಂದಾದರೆ, ಆಕೆ ಕಣ್ಣು ಬೇರೆಡೆ ತಿರುಗಿಸುವಂತಿಲ್ಲ. ಇದಕ್ಕೊಂದು ತಿರುಗುಬಾಣವೂ ಇದೆ: ಅಳತೆಗಳ ನಡುವಿನ ಅಂತರ ತಕ್ಕಷ್ಟು ಕಿರಿದಾಗಿಲ್ಲದಿದ್ದರೆ, ಕೆಲವು ವ್ಯವಸ್ಥೆಗಳಲ್ಲಿ ಅಳತೆಯೇ ಬದಲಾವಣೆಯನ್ನು ಚುರುಕುಗೊಳಿಸುತ್ತದೆ. ಆಕೆಯ ಮೊದಲ ಯಂತ್ರ ಹೀಗೆಯೇ ಪರಿಸ್ಥಿತಿಯನ್ನು ಕೆಡಿಸಲಿ.

ಲೋಲಕ:

ಒಪ್ಪುತ್ತೇನೆ, ಆದರೆ ಪರಮಾಣುಗಳಲ್ಲಿ ನಡೆಯುವುದನ್ನು ಇಡೀ ಇತಿಹಾಸಕ್ಕೆ ಹಿಗ್ಗಿಸಿದರೆ ತಿಳಿದ ಓದುಗ ಹುಬ್ಬೇರಿಸುತ್ತಾನೆ. ಅದನ್ನು ಮೊದಲ, ಸೋತ ಯಂತ್ರಕ್ಕೆ ಇಡಿ. ಎರಡನೆಯದಕ್ಕೆ ತಿದ್ದುಪಡಿಯ ವಿಧಾನವೇ ಇರಲಿ. ಏಕೆಂದರೆ ಸಾಕ್ಷ್ಯದ ಪ್ರಶ್ನೆಗೆ ಉತ್ತರ ಅಲ್ಲಿಯೇ ಸಿಗುತ್ತದೆ. ಹೊರಗಿನಿಂದ ಅಡ್ಡಾದಿಡ್ಡಿ ಕಂಪನಗಳು ತಾಗುತ್ತಲೇ ಇರುವುದರಿಂದ ತಿದ್ದುಪಡಿಗಳು ಎಷ್ಟೇ ಚಿಕ್ಕದಾದರೂ ಸೊನ್ನೆಯಾಗುವುದಿಲ್ಲ, ಪ್ರತಿಯೊಂದೂ ಯಂತ್ರದ ದಾಖಲೆ ಪುಸ್ತಕದಲ್ಲಿ ಸೇರುತ್ತದೆ. ಜಾರಿದ ಕಾಲ ಅಳಿದರೂ, ಜಾರದಂತೆ ತಡೆದ ಪ್ರತಿ ಕ್ಷಣದ ಲೆಕ್ಕ ಉಳಿದಿರುತ್ತದೆ.

ಮಸಿಕುಡಿಕೆ:

ಮೂವರಿಗೂ ಕೃತಜ್ಞತೆಗಳು. ಚರಿತ್ರಕಾರನಿಗೆ ಸಿಗುವುದು ಆ ದಾಖಲೆ ಪುಸ್ತಕಗಳು ಮಾತ್ರ ಎಂದು ನಿರ್ಧರಿಸಿದ್ದೇನೆ: ಸಾಲುಸಾಲಾಗಿ ಸಂಖ್ಯೆಗಳು, ಏನನ್ನು ತಿದ್ದಿದ್ದು ಎಂಬುದರ ಒಂದು ಮಾತೂ ಇಲ್ಲ. ಆಕೆಗೆ ಹುಚ್ಚು ಹಿಡಿದಿತ್ತೆಂದೇ ನಂಬಿ ಆತ ಬರೆಯತೊಡಗುತ್ತಾನೆ. ಒಂದು ಪುಟದಲ್ಲಿ ಮಾತ್ರ ಎಂದಿಗಿಂತ ಬಹುಪಟ್ಟು ದೊಡ್ಡ ಸಂಖ್ಯೆ ಇದೆ, ಅದರ ದಿನಾಂಕ ಆತ ಹುಟ್ಟಿದ ದಿನದ್ದು. ಅಲ್ಲಿಂದ ಮುಂದೆ ಆತ ಬರೆಯುವ ಧಾಟಿ ಬದಲಾಗಬೇಕು. ಆ ಅಧ್ಯಾಯವನ್ನು ಇಂದು ಆರಂಭಿಸುತ್ತೇನೆ.